ಬೋಗಾಣಿಯ ಮುಚ್ಚಳ ತೆಗೆದು ನೋಡುತ್ತಿದ್ದವರು

ಊಟಕ್ಕೆ ಕರೆದವರ ಮನೆಯಲ್ಲಿ ಸೀದಾ ಅಡುಗೆಮನೆಗೆ ನುಗ್ಗಿ ಬೋಗಾಣಿಯ ಮುಚ್ಚಳ ತೆಗೆದು ಇಣುಕುವ ಗಂಡಸನ್ನು ನೀವು ಕಂಡಿದ್ದೀರೋ ಇಲ್ಲವೋ, ನಾನಂತೂ ಕಂಡಿದ್ದೇನೆ. ಹೈದರಾಬಾದಿನ ಮಲ್ಕಾಜ್‌ಗಿರಿಯ ನಮ್ಮ ಮನೆಯ ಮೇಲಿನ ಪೋರ್ಷನ್ನಿನಲ್ಲಿ ಅವರು ಬಹಳ ವರ್ಷ ಬಾಡಿಗೆಗಿದ್ದರು. ಡಾಕ್ಯುಮೆಂಟರಿ ತೆಗೆಯುವುದು ಅವರ ಕೆಲಸ. ಹಬ್ಬಕ್ಕೆಂದು ಕರೆದರೆ ಅನ್ನದ್ದು, ಸಾರಿನದು, ಪಲ್ಯದ್ದು ಎಂದು ಒಂದೊಂದೇ ಮುಚ್ಚಳ ತೆಗೆದು ನೋಡುವರು. "ಇದ್ರಾಗ ನಿಮ್ದೆಲ್ಲಾರ್ದೂ ಆಗ್ತೈತಿಲ್ಲೋ ವೈನಿ?" ಎಂದು ಅತ್ತಿಗೆಯಂತಿದ್ದ ನನ್ನನ್ನು ಕೇಳುವರು. "ಆಗ್ತೈತ್ರೀ ಯಪ್ಪಾ, ಕೂಡ್ರಿ ಇನ್ನ" ಎಂದು ನಾನು ರೇಗಿದ ಮೇಲೆಯೇ ತಾಟಿನ ಮುಂದೆ ಕೂಡುವರು. ಕಲಬುರಗಿಯಿಂದ ಬಂದಿದ್ದ ನನ್ನ ತಂಗಿ ಒಮ್ಮೆ ಇದನ್ನು ನೋಡಿ, "ಅಕ್ಕಾ, ಏನ ಹೊಟ್ಟಿಬಾಕ ಇದ್ದಾನೋ ಮಾರಿಗೆ ನಾಚಿಕಿಲ್ಲದಾಂವ" ಎಂದಳು. ನಾಚಿಕೆ ಇದ್ದದ್ದಕ್ಕೇ ಅವರು ಹಾಗೆ ಮಾಡುತ್ತಿದ್ದರು ಎಂದು ಅವಳಿಗೆ ಹೇಗೆ ತಿಳಿಸಿ ಹೇಳಲಿ?

ಹೋದ ತಿಂಗಳು ತೀರಿಕೊಂಡರು. ಗೆಳೆಯರೆಲ್ಲ ಸೇರಿ ಶ್ರದ್ಧಾಂಜಲಿ ಸಭೆ ಇಟ್ಟುಕೊಂಡಿದ್ದಾರೆಂದು ನಮ್ಮ ಮನೆಗೂ ಕಾರ್ಡು ಬಂತು. ಕಾರ್ಡಿನ ಮೇಲೊಂದು ಫೋಟೊ: ಹಸಿರು ಸೀರೆಯ ಹೆಂಗಸೊಬ್ಬಳು ಕೈ ಮೇಲೆತ್ತಿ ಬೊಗಸೆ ಅನ್ನವನ್ನು ಆಕಾಶಕ್ಕೆ ತೂರುತ್ತಿದ್ದಾಳೆ, ಅಗುಳೆಲ್ಲ ಬಿಸಿಲಿಗೆ ಮಿಂಚುತ್ತಿವೆ, ಹಿಂದೆ ಅರ್ಧ ಎದ್ದ ಗಾಜಿನ ಕಟ್ಟಡ. ಆ ಫೋಟೊ ಕಂಡು ನನ್ನ ಮೋರೆ ಬಿಸಿಯಾಯಿತು. ಊರೆಲ್ಲ ತಿರುಗಿ ಅಷ್ಟು ಫಿಲ್ಮ್ ತೆಗೆದ ಮನುಷ್ಯನಿಗೆ ಹಾಕಲು ಇದೊಂದೇ ಫೋಟೊ ಸಿಕ್ಕಿತೇ ಈ ಗೆಳೆಯರಿಗೆ!

ಅವರ ಅಜ್ಜ ಬೀದರ ಕಡೆಯಿಂದ ನಿಜಾಮರ ಕಾಲಕ್ಕೆ ಹೈದರಾಬಾದಿಗೆ ಬಂದವರಂತೆ. ಇವರು ಹುಟ್ಟಿದ್ದು, ಓದಿದ್ದು ಎಲ್ಲ ಇಲ್ಲೇ. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ತೆಲುಗು, ಸಿಟ್ಟು ಬಂದರೆ ಉರ್ದು. ಮದುವೆಯಾಗಿರಲಿಲ್ಲ. "ನಾ ಊರಾಗ ಇರೂದ ಕಡಿಮಿ, ಯಾಕ ಪಾಪ ಒಂದ್ ಹೆಣ್ಣಿನ ಬಾಳೆ ಹಾಳ ಮಾಡ್ಲಿ" ಎನ್ನುವರು. ಆ ಮಾತು ಖರೆ. ತಿಂಗಳಿಗೆ ಇಪ್ಪತ್ತು ದಿನ ತಿರುಗಾಟವೇ. ಲಂಬಾಣಿ ಕಸೂತಿ, ಹಳೆಯ ಬಾವಿಗಳು, ಗುಮ್ಮಟಗಳು, ಬಿದರಿ ಕೆಲಸ, ಕಛ್‌ನ ಒಂಟೆಯವರು, ಲಡಾಖಿನ ಮುದುಕಿಯರು, ಹೀಗೆ ಯಾರು ಎಲ್ಲಿ ಹೇಗೆ ಬದುಕುತ್ತಾರೆ ಎಂಬುದನ್ನು ತೆಗೆದುಕೊಂಡು ಬಂದು ಟಿವಿಗೆ ಕೊಡುತ್ತಿದ್ದರು. ತಿರುಗಿ ಬಂದಾಗ ಕ್ಯಾಮೆರಾ ಚೀಲ ಹೆಗಲಲ್ಲಿ, ಮೈತುಂಬ ಧೂಳು, ಬಾಯಿತುಂಬ ಕಥೆ. ಮೆಟ್ಟಿಲು ಹತ್ತುವ ಮೊದಲೇ "ವೈನಿ, ಚಾ" ಎಂದು ಕೂಗುವರು. ನನ್ನ ಯಜಮಾನರು ರೈಲ್ವೆಯಲ್ಲಿ ಗಾರ್ಡು, ಅವರೂ ಊರು ಸುತ್ತುವವರೇ. ಆದರೆ ಹಳಿ ಬಿಟ್ಟು ಆಚೆ ಏನನ್ನೂ ನೋಡಿದವರಲ್ಲ. "ನಾ ಸ್ಟೇಶನ್ ನೋಡೀನಿ, ಇಂವ ಊರ ನೋಡ್ಯಾನ" ಎಂದು ಅವರ ಕಥೆಗೆ ಕಿವಿ ಕೊಟ್ಟು ಕೂಡುತ್ತಿದ್ದರು.

ಅವರಿಗೊಂದು ಚಟವಿತ್ತು. ಎರಡೂ ಕೈಯ ಬೆರಳು ಸೇರಿಸಿ ಚೌಕಟ್ಟು ಮಾಡಿ, ಒಂದು ಕಣ್ಣು ಮುಚ್ಚಿ, ಅದರೊಳಗಿಂದ ಜಗತ್ತನ್ನು ನೋಡುವುದು. ಚೌಕಟ್ಟಿನಲ್ಲಿ ಬಂದದ್ದು ಚೆನ್ನಾಗಿದ್ದರೆ "ವಾಹ್" ಎನ್ನುವರು. ಅಡ್ಡ ಬಂದದ್ದನ್ನು "ಇದನ್ನ ಸರಸ್ರಿ" ಎನ್ನುವರು. ಇನ್ನೊಂದು ಮಾತು, "ಇನ್ನೊಂದ್ಸಲ". ನಾನು ಜೋಳದ ರೊಟ್ಟಿ ಬಡಿಯುವಾಗ ಬಾಗಿಲಲ್ಲಿ ನಿಂತು, "ವೈನಿ, ಜರಾ ಇನ್ನೊಂದ್ಸಲ, ಬೆಳಕಿನ ಕಡಿ ತಿರುಗಿ" ಎನ್ನುವರು. "ರೊಟ್ಟಿ ಇನ್ನೊಂದ್ಸಲ ಬಡದ್ರ ಹರಿತೈತ್ರಿ" ಎಂದರೆ ನಗುವರು. ನಮ್ಮವರು ಡ್ಯೂಟಿ ಮುಗಿಸಿ ಸೂಟ್‌ಕೇಸು ಹಿಡಿದು ಗೇಟು ದಾಟಿ ಬಂದರೆ, "ಅಣ್ಣಾರ, ವಾಪಸ್ ಹೋಗಿ ಇನ್ನೊಂದ್ಸಲ ಬರ್ರಿ" ಎನ್ನುವರು. ನಮ್ಮವರೋ ದೇವರಂಥ ಮನುಷ್ಯ, ಸುಮ್ಮನೆ ಹೋಗಿ ಇನ್ನೊಂದು ಸಲ ಬರುವರು. ನಾವೆಲ್ಲ ನಕ್ಕಿದ್ದೇ ನಕ್ಕಿದ್ದು. ಅದೇ ಮಾತು ಒಂದು ದಿನ ಒಬ್ಬಳ ಬಾಳಿಗೆ ಅಡ್ಡ ಬಂದೀತು ಎಂದು ಯಾರಿಗೆ ಗೊತ್ತಿತ್ತು?

ಅದು ಹೈಟೆಕ್ ಸಿಟಿ ಕಡೆ ದಿನಕ್ಕೊಂದು ಕಟ್ಟಡ ಏಳುತ್ತಿದ್ದ ಕಾಲ. ಬಂಡೆ ಒಡೆದದ್ದು, ಕಲ್ಲು ಹೊತ್ತದ್ದು, ಕಾಂಕ್ರೀಟು ಕಲಸಿದ್ದು ಬಹುಪಾಲು ನಮ್ಮ ಕಡೆಯ ಜನ. ಸೇಡಂ, ಯಾದಗಿರಿ, ಗುರುಮಿಠಕಲ್ ಕಡೆಯಿಂದ ಗಂಟು ಕಟ್ಟಿಕೊಂಡು ಬಂದು ಕಟ್ಟಡದ ಪಕ್ಕದಲ್ಲೇ ತಗಡಿನ ಶೆಡ್ಡು ಹಾಕಿಕೊಂಡಿರುತ್ತಿದ್ದರು. ನಮ್ಮ ಮನೆ ಕಟ್ಟುವಾಗ ಕೆಲಸಕ್ಕೆ ಬಂದಿದ್ದ ಸಾಬಮ್ಮ ಎಂಬವಳು ಗಂಡನ ಜೊತೆ ಅಲ್ಲೊಂದು ಸೈಟಿನಲ್ಲಿದ್ದಳು. ಎಳ್ಳಮವಾಸೆ ಹತ್ತಿರ ಬಂದಾಗ ಸಿಕ್ಕಿ, "ಈ ಸಲ ಊರಿಗೆ ಹೋಗಾಕ ರಜಾ ಕೊಡವಲ್ರು ಅಕ್ಕಾರ. ಅದಕ್ಕ ಸೈಟಿನ ಹಿಂದಿನ ಖಾಲಿ ಭೂಮ್ಯಾಗಽ ಚರಗಾ ಚೆಲ್ತೀವಿ. ಹೊಲಾ ಯಾರ್ದಾದ್ರೇನು, ಭೂಮ್ತಾಯಿ ಅಕೀನ ಅಲ್ಲೇನು" ಎಂದಿದ್ದಳು. ನಾನು ಬಾಯಿ ಸುಮ್ಮನಿರಲಾರದೆ ಇದನ್ನು ಮೇಲಿನವರಿಗೆ ಹೇಳಿದೆ. ಅವರು ಕುಳಿತಲ್ಲಿಂದ ಎದ್ದೇಬಿಟ್ಟರು. "ಕಾಂಪ್ಯೂಟರ್ ಕಂಪನಿ ಬರೂ ಜಾಗದಾಗ ಚರಗಾ! ವೈನಿ, ಇದಕಿಂತ ಛೊಲೊ ಫಿಲ್ಮ್ ಬೇಕೇನು?"

ಎಳ್ಳಮವಾಸೆ ಎಂದರೆ ನಮ್ಮ ಕಡೆ ಮನೆಮಂದಿಯೆಲ್ಲ ಅಡುಗೆ ಹೊತ್ತು ಹೊಲಕ್ಕೆ ಹೋಗುವ ಹಬ್ಬ. ಸಜ್ಜೆ ರೊಟ್ಟಿ, ಕಡುಬು, ಹತ್ತು ತರದ ಕಾಳು ಸೊಪ್ಪು ಹಾಕಿ ಕುದಿಸಿದ ಭಜ್ಜಿ, ಅನ್ನ. ಎಲ್ಲದರಿಂದ ಒಂದಿಷ್ಟು ತೆಗೆದು ಕಲಸಿ, ಪೂಜೆ ಮಾಡಿ, ಹೊಲದ ಸುತ್ತ ಚೆಲ್ಲುತ್ತಾ ಹೋಗುವುದೇ ಚರಗ. ಭೂಮಿಗೆ ಮೊದಲ ತುತ್ತು. ಒಂದಿಷ್ಟೇ. ಆಮೇಲೆ ಉಳಿದದ್ದೆಲ್ಲ ಮಕ್ಕಳಿಗೆ, ದೊಡ್ಡವರಿಗೆ, ದಾರಿಯಲ್ಲಿ ಹೋಗುವವರಿಗೆ. ಇದನ್ನು ನಮ್ಮ ಕಡೆಯ ಕೂಸಿಗೂ ಹೇಳಬೇಕಾಗಿಲ್ಲ. ಆದರೆ ಇವರು ಹೊಲ ಕಂಡು ಬೆಳೆದವರಲ್ಲ. ಚರಗ ಎಂಬ ಮಾತನ್ನು ಅಜ್ಜಿಯ ಬಾಯಲ್ಲಿ ಕೇಳಿದ್ದರು, ಅಷ್ಟೇ.

ನಾನೂ ಜೊತೆಗೆ ಹೋಗಿದ್ದೆ. ಸಾಬಮ್ಮ ಹಸಿರು ಸೀರೆ ಉಟ್ಟು, ಸೈಟಿನ ಹಿಂದಿನ ಬಯಲಲ್ಲಿ ಐದು ಕಲ್ಲಿಟ್ಟು ಪೂಜೆ ಮಾಡಿದಳು. ಪಕ್ಕದಲ್ಲಿ ದೊಡ್ಡದೊಂದು ಸಿಲ್ವರ್ ಬೋಗಾಣಿ, ಅದರಲ್ಲಿ ಅನ್ನ ಭಜ್ಜಿ ಕಲಸಿದ್ದು. ಬೋಗಾಣಿಯ ಮೈಗೆ ಸಿಮೆಂಟು ಮೆತ್ತಿತ್ತು, ಅಂಚು ಸೊಟ್ಟಗಾಗಿತ್ತು. ಇವರು ಬೆರಳ ಚೌಕಟ್ಟಿನಲ್ಲಿ ನೋಡಿ, "ಆ ಬೋಗಾಣಿ ಛೊಲೊ ಕಾಣವಲ್ದು. ಫ್ರೇಮಿನ್ಯಾಗ ಬ್ಯಾಡ, ಆಕಡೆ ಸರಸ್ರಿ" ಎಂದರು. ಸಾಬಮ್ಮನ ಗಂಡ ಅದನ್ನೆತ್ತಿ ಕ್ಯಾಮೆರಾದ ಹಿಂದೆ, ಇವರ ಬೆನ್ನ ಹಿಂದೆ ಇಟ್ಟ.

ಸಾಬಮ್ಮ ಪದ್ಧತಿಯಂತೆ ನಾಲ್ಕು ಅಗುಳು ಚೆಲ್ಲಿದಳು. "ಇಷ್ಟ ಸಣ್ಣದಾಗಿ ಅಲ್ಲವ್ವಾ, ಬೊಗಸಿತುಂಬ ತಗೊ. ಮ್ಯಾಲೆ, ಬಿಸಿಲಿಗೆ ತಾಕೂ ಹಂಗ ತೂರು. ಇನ್ನೊಂದ್ಸಲ!" ಅವಳು ಗಂಡನ ಮುಖ ನೋಡಿದಳು. ಗಂಡ ಬೋಗಾಣಿಯಿಂದ ಬೊಗಸೆ ತುಂಬಿ ಕೊಟ್ಟ. ತೂರಿದಳು. ಸೂರ್ಯನ ಮೇಲೆ ಮೋಡ ಬಂತು. ಇನ್ನೊಂದ್ಸಲ. ಲಾರಿಯ ಹಾರ್ನು ಕೇಳಿಸಿತು. ಇನ್ನೊಂದ್ಸಲ. ಸೆರಗು ಮೋರೆಗೆ ಬಂತು. ಇನ್ನೊಂದ್ಸಲ. ಎಷ್ಟು ಸಲವಾಯಿತೋ, ಲೆಕ್ಕ ತಪ್ಪಿತು. ಸಾಬಮ್ಮನ ಕಡೆಯವರು ಬೇಡ ಎನ್ನುವ ಜನ ಅಲ್ಲ. ನಮ್ಮ ಭಾಷೆ ಆಡುವ ಸಾಹೇಬರು, ಹಬ್ಬದ ದಿನ ಬಾಗಿಲಿಗೆ ಬಂದಿದ್ದಾರೆ, ಕೇಳಿದ್ದಕ್ಕೆ ಇಲ್ಲ ಎನ್ನುವುದು ಹೇಗೆ? ನಾನು ತಡೆಯಲಾರದೆ, "ಸಾಕ್ರೀ, ಅದು ಉಣ್ಣೂದೈತಿ" ಎಂದೆ. ಅವರು ತಿರುಗಿಯೂ ನೋಡದೆ ಅಂಗೈ ಎತ್ತಿದರು. ಮೈಕು ನಡೆದಿದೆ, ಮಾತಾಡಬೇಡಿ ಎಂದು ಅದರ ಅರ್ಥ.

ಕಡೆಗೆ ಒಂದು ತೂರು ಅವರ ಮನಸ್ಸಿಗೆ ಬಂತು. "ವಾಹ್!" ಎಂದರು. ಅದೇ ಈ ಕಾರ್ಡಿನ ಮೇಲಿನ ಫೋಟೊ. ಆದರೂ ಆಸೆ ನೋಡಿ, "ಬರೇ ಇನ್ನೊಂದ್ಸಲ ಅವ್ವಾ" ಎಂದರು. ಸಾಬಮ್ಮ ಸೀರೆಗೆ ಕೈ ಒರೆಸಿಕೊಂಡು, "ಬೋಗಾಣ್ಯಾಗ ಏನೂ ಉಳಿದಿಲ್ರೀ ಸಾಹೇಬ್ರ" ಎಂದಳು.

ಅವರು ಕ್ಯಾಮೆರಾ ಸಮೇತ ಹಿಂದಕ್ಕೆ ತಿರುಗಿದರು. ಬೋಗಾಣಿ ಬಳಿದಿಟ್ಟಂತೆ ಖಾಲಿಯಿತ್ತು. ಅದರ ಸುತ್ತ ಶೆಡ್ಡಿನ ಮಕ್ಕಳೆಲ್ಲ ಕೈಯಲ್ಲಿ ತಾಟು ಹಿಡಿದು ಕುಳಿತಿದ್ದವು. ಎಷ್ಟು ಹೊತ್ತಿನಿಂದ ಕುಳಿತಿದ್ದವೋ! ಒಂದೂ ತುಟಿಪಿಟಕ್ಕೆಂದಿರಲಿಲ್ಲ. ಆ ಮನುಷ್ಯನ ಮೋರೆಯ ಬಣ್ಣ ಇಳಿದದ್ದನ್ನು ನಾನು ನೋಡಿದೆ. ಗಾಡಿ ಓಡಿಸಿಕೊಂಡು ಹೋಗಿ, ತಾಸೊಂದರಲ್ಲಿ ರಾಶಿ ಬಿರಿಯಾನಿ ಪೊಟ್ಟಣ ತಂದರು. ಮಟನ್ ಬಿರಿಯಾನಿ. ಎಳ್ಳಮವಾಸೆಯ ದಿನ! ಸಾಬಮ್ಮ ಎರಡೂ ಕೈಯಿಂದ ಈಸಿಕೊಂಡು, ಹಣೆಗೆ ಒತ್ತಿಕೊಂಡು, ಶೆಡ್ಡಿನ ಮೂಲೆಯಲ್ಲಿಟ್ಟಳು. ಯಾರೂ ಬಿಚ್ಚಲಿಲ್ಲ. ಮುಚ್ಚಳ ತೆಗೆದು ನೋಡುವ ಚಟ ಶುರುವಾದದ್ದು ಆಮೇಲೆ.

ಇಷ್ಟಕ್ಕೇ ಮುಗಿದಿದ್ದರೆ ಮರೆಯಬಹುದಿತ್ತು. ಫಿಲ್ಮ್ ಟಿವಿಯಲ್ಲಿ ಬಂತು, ದೊಡ್ಡ ಹೆಸರು ತಂತು, ದೂರದೂರದಿಂದ ಅವರಿಗೆ ಕರೆ ಬರತೊಡಗಿತು. ಎಲ್ಲರ ಬಾಯಲ್ಲೂ ಅದೇ ತೂರುವ ದೃಶ್ಯ. ಕೆಲ ತಿಂಗಳಾದ ಮೇಲೆ ಒಂದು ಮಧ್ಯಾಹ್ನ ಸಾಬಮ್ಮ ನಮ್ಮ ಮನೆಯ ಕಟ್ಟೆಯ ಮೇಲೆ ಬಂದು ಕುಳಿತಳು. ಆಗ ಪಟಾನ್‌ಚೆರು ಕಡೆ ಒಂದು ಕಾರ್ಖಾನೆಯ ಕೆಲಸಕ್ಕೆ ಸೇರಿದ್ದಳು, ಎರಡು ಬಸ್ಸು ಬದಲಿಸಿ ಬಂದಿದ್ದಳು. ಇವರನ್ನು ಕೆಳಗೆ ಕರೆದೆ.

"ಊರಾಗ ಎಲ್ಲಾರೂ ಟಿವಿ ನೋಡ್ಯಾರ್ರೀ ಸಾಹೇಬ್ರ. ನಮ್ಮತ್ತಿ ಮಾರಿ ತಗೊಂಡು ತಿರಗ್ಯಾಡದಂಗ ಆಗೈತಂತ. ಹೈದ್ರಾಬಾದಿಗೆ ಹೋಗಿ ಅನ್ನಾ ಚೆಲ್ಲ್ಯಾಡೂವಷ್ಟು ಸೊಕ್ಕು ಬಂತು ಸೊಸಿಗೆ ಅಂತಾರ್ರೀ. ನಮ್ಮನ್ಯಾಗ ಹಿರೀ ಸೊಸಿನಽ ಚರಗಾ ಚೆಲ್ಲೂದು. ಇನ್ನ ಮ್ಯಾಲೆ ನೀ ಮುಟ್ಟಬ್ಯಾಡ, ಸಣ್ಣಾಕಿ ಚೆಲ್ತಾಳ ಅಂದಾರ."

ಇವರು ತಲೆ ತಗ್ಗಿಸಿ ನಿಂತಿದ್ದರು. "ನಾ ಏನ ಮಾಡ್ಲಿ ಹೇಳವ್ವಾ" ಎಂದರು.

"ಏನೂ ಬ್ಯಾಡ್ರಿ. ನೀವಽ ಬಂದು ಮಂದಿ ಮುಂದ ಒಂದ್ ಮಾತ ಹೇಳ್ರಿ. ನಾ ಚೆಲ್ಲಿದ್ದಲ್ಲ, ನೀವ ಚೆಲ್ಲಸಿದ್ದು ಅಂತ. ಅಷ್ಟಽ ಸಾಕು."

"ಬರ್ತೀನಿ. ಖರೇನ ಬರ್ತೀನಿ" ಎಂದರು. ಮುಂದಿನ ವಾರವೇ ಹೊರಟೆವು. ನನ್ನನ್ನೂ ಕರೆದರು, ಒಬ್ಬರೇ ಹೋಗಲು ಧೈರ್ಯವಿರಲಿಲ್ಲವೆಂದು ಈಗ ಅನ್ನಿಸುತ್ತದೆ. ಸೇಡಮ್ಮಿನಲ್ಲಿ ರೈಲಿಳಿದು ಸಾಬಮ್ಮನ ಹಳ್ಳಿಗೆ ಹೋದರೆ, "ಟಿವಿ ಸಾಹೇಬ್ರು ಬಂದ್ರು" ಎಂದು ಓಣಿಯೇ ನೆರೆಯಿತು. ಕಂಬಳಿ ಹಾಸಿದರು, ಶಾಲು ಹೊದಿಸಿದರು. ಹಿಂದಿನ ದಿನವೇ ಊರಿಗೆ ಬಂದಿದ್ದ ಸಾಬಮ್ಮ ಬಾಗಿಲ ಮರೆಯಲ್ಲಿ ನಿಂತಿದ್ದಳು. ಅವಳ ಕಣ್ಣು ಇವರ ಬಾಯಿಯ ಮೇಲೇ ಇತ್ತು. ಇವರು ಗಂಟಲು ಸರಿಮಾಡಿಕೊಂಡು, "ಅವ್ವಾರ, ಆ ಚರಗದ್ದು..." ಎಂದು ಎತ್ತಿದರೋ ಇಲ್ಲವೋ, ಅತ್ತೆ ಎರಡೂ ಕೈ ಜೋಡಿಸಿಬಿಟ್ಟಳು.

"ನಮ್ಮ ಸೊಸೀದು ತಪ್ಪಾತ್ರೀ ಯಪ್ಪಾ. ನಿಮ್ಮಂಥಾ ದೊಡ್ಡವರ ಮುಂದ ನಮ್ಮ ಮರ್ಯಾದಿ ಕಳದ್ಲು. ಹೊಟ್ಟ್ಯಾಗ ಹಾಕ್ಕೋರಿ."

ತಪ್ಪು ಮಾಡಿದವನ ಮುಂದೆ ತಪ್ಪಿಲ್ಲದವರು ಕೈ ಮುಗಿದರೆ ಏನು ಮಾಡಬೇಕು? ಎದ್ದು ನಿಂತು, ತಪ್ಪು ನನ್ನದು ಎನ್ನಬೇಕು. ಇವರು, "ಅಯ್ಯ, ಇರ್ಲಿ ಬಿಡ್ರಿ... ಹಬ್ಬ ಅಂದ್ಮ್ಯಾಲೆ..." ಎಂದು ಏನೋ ತೊದಲಿದರು. ಅಷ್ಟರಲ್ಲಿ ತಾಟು ಬಂತು. ಹೋಳಿಗೆ, ತುಪ್ಪ. ಯಾರೋ ತಮ್ಮ ಹೊಲವನ್ನೂ ಟಿವಿಯಲ್ಲಿ ಹಾಕಿರೆಂದರು, ಯಾರೋ ಅವರ ಜೊತೆ ಫೋಟೊ ತೆಗೆಸಿಕೊಂಡರು. ಇವರು ನಕ್ಕರು, ಉಂಡರು. ಅವರ ಪಕ್ಕದಲ್ಲಿ ಕುಳಿತು ನಾನೂ ಉಂಡೆ. ಹೊರಡುವಾಗ ಬಾಗಿಲ ಮರೆಯಲ್ಲಿ ಸಾಬಮ್ಮ ಇರಲಿಲ್ಲ.

ವಾಪಸು ಬರುವ ರೈಲು ತಾಂಡೂರು ದಾಟಿದ ಮೇಲೆ ಬಾಯಿಬಿಟ್ಟರು. "ವೈನಿ, ಬಾಯಿ ಬರ್ಲಿಲ್ಲ."

ನನಗೆ ಉರಿದುಹೋಯಿತು. "ಜಗತ್ತಿಗೆಲ್ಲಾ ಇನ್ನೊಂದ್ಸಲ ಇನ್ನೊಂದ್ಸಲ ಅಂತೀರಿ. ಈಗ ನೀವಽ ಇನ್ನೊಂದ್ಸಲ ಹೋಗ್ರಿ. ಹೋಗಿ ಹೇಳಿ ಬರ್ರಿ" ಎಂದೆ.

"ಹೋಗ್ತೀನಿ. ಬರೂ ಅಮಾಸಿಗೆ ಹೋಗ್ತೀನಿ" ಎಂದರು. ಆ ಅಮಾವಾಸ್ಯೆಗೆ ಅವರು ಎಲ್ಲೋ ಬೆಟ್ಟದ ಸೀಮೆಯಲ್ಲಿದ್ದರು. ಅದರ ಮುಂದಿನದಕ್ಕೆ ಜ್ವರ. ಅದರ ಮುಂದಿನದಕ್ಕೆ ಕೇಳುವುದನ್ನು ನಾನೇ ಬಿಟ್ಟೆ. ಕೆಟ್ಟ ಮನುಷ್ಯ ಎಂದು ಹೇಳಲು ನನಗೆ ಮನಸ್ಸಿಲ್ಲ. ನಮ್ಮವರು ಆಸ್ಪತ್ರೆಯಲ್ಲಿದ್ದಾಗ ವಾರಗಟ್ಟಲೆ ಅವರ ಹಾಸಿಗೆಯ ಪಕ್ಕ ಕೂತು ಕಥೆ ಹೇಳಿದವರು. ಸಾಬಮ್ಮನಿಗೂ ಏನೇನೋ ಸಹಾಯ ಮಾಡಲು ನೋಡಿದರು. ಅವಳು, "ಅದೇನೂ ಬ್ಯಾಡ್ರಿ. ಒಂದ್ ಮಾತ ಕೇಳೀನಿ, ಅಷ್ಟಽ" ಎಂದು ನನ್ನ ಹತ್ತಿರ ಹೇಳಿಕಳಿಸುತ್ತಿದ್ದಳು. ಕಡೆಗೆ ಒಂದು ದಿನ ಅವಳ ಅತ್ತೆ ತೀರಿಕೊಂಡ ಸುದ್ದಿ ಬಂತು. ಚರಗ ಚೆಲ್ಲುವುದು ಸಣ್ಣ ಸೊಸೆಯ ಪಾಲಿಗೆ ಹೋದದ್ದು ಹೋದದ್ದೇ. ಆ ಸಂಜೆ ಇವರು ಮೇಲಿನಿಂದ ಇಳಿದು ಬಂದು ನಮ್ಮ ಅಡುಗೆಮನೆಯ ಹೊಸ್ತಿಲಲ್ಲಿ ಕುಳಿತು ಅತ್ತರು. ಅಷ್ಟು ದೊಡ್ಡ ಗಂಡಸು ಅಳುವುದನ್ನು ನೋಡಲಾಗಲಿಲ್ಲ, ಆದರೂ ಒಲೆಯ ಕಡೆ ತಿರುಗಿ ರೊಟ್ಟಿ ಬಡಿಯತೊಡಗಿದೆ.

ಕಾರ್ಡು ಬಂದ ದಿನ ಅದರಲ್ಲಿದ್ದ ನಂಬರಿಗೆ ಫೋನು ಮಾಡಿದೆ. ಎತ್ತಿದವರು ಅವರ ಎಲ್ಲ ಫಿಲ್ಮುಗಳನ್ನೂ ಜೋಡಿಸಿದ ಎಡಿಟರು. ತೆಲುಗಿನವರು, ನನಗೆ ಪರಿಚಯದವರೇ, ತೆಲುಗಿನಲ್ಲೇ ಮಾತಾಡಿದೆವು. ಸಭೆಯಲ್ಲಿ ಆ ದೃಶ್ಯವನ್ನೇ ಹಾಕುತ್ತೀರಾ ಎಂದು ಕೇಳಿದೆ. ಹೌದು ಎಂದರು. ಆಮೇಲೆ, "ಅಮ್ಮಾ, ಆ ದಿನ ನಡೆದದ್ದೆಲ್ಲ ಇರುವ ಇನ್ನೊಂದು ತುಣುಕಿದೆ. ಅವರು ಸೇಡಂನಿಂದ ಬಂದ ಕೂಡಲೇ ನನ್ನ ಹತ್ತಿರ ಕೂತು ಮಾಡಿಸಿದ್ದರು. ಇನ್ನು ಈ ಫಿಲ್ಮ್ ಎಲ್ಲಿ ತೋರಿಸಿದರೂ ಇದನ್ನು ಸೇರಿಸಿಯೇ ತೋರಿಸಬೇಕು ಅಂದಿದ್ದರು. ಆದರೆ ಪ್ರತಿಸಲವೂ ಹಿಂದಿನ ದಿನ ಫೋನು ಮಾಡಿ, ಈ ಸಲ ಬೇಡ ಬಿಡಿ ಅನ್ನುತ್ತಿದ್ದರು" ಎಂದರು.

"ಈ ಸಲ ಹಾಕಿ" ಎಂದೆ.

"ಸತ್ತವರ ಸಭೆಯಲ್ಲಿ ಚೆನ್ನಾಗಿರುತ್ತದೆಯೇ ಅಮ್ಮಾ? ಮರ್ಯಾದೆ ಹೋಗುವುದಿಲ್ಲವೇ?"

"ಮರ್ಯಾದೆ ಹೋಗಿರುವುದು ಬೇರೆಯವರದು" ಎಂದೆ. ಆಮೇಲೆ ಸಾಬಮ್ಮನಿಗೆ ಫೋನು ಮಾಡಿ, ಬಾ ಎಂದು ಕರೆದೆ.

ಹಾಲು ತುಂಬಿತ್ತು. ನಾನೂ ಸಾಬಮ್ಮನೂ ಕಡೆಯ ಸಾಲಿನಲ್ಲಿ ಕುಳಿತೆವು. ಅವಳ ತಲೆ ಪೂರಾ ಬೆಳ್ಳಗಾಗಿದೆ, ಪರದೆಯ ಮೇಲಿನ ಹಸಿರು ಸೀರೆಯವಳು ಇವಳೇ ಎಂದು ಯಾರಿಗೂ ಗೊತ್ತಾಗಲಿಲ್ಲ. ಅನ್ನ ಹಾರಿತು, ಅಗುಳು ಮಿಂಚಿದವು, ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಇನ್ನೂ ತಟ್ಟುತ್ತಿರುವಾಗಲೇ ಪರದೆ ಕಪ್ಪಾಗಿ, ಅದರೊಳಗಿಂದ ಅವರ ದನಿ ಕೇಳಿಬಂತು. "ಆ ಬೋಗಾಣಿ ಆಕಡೆ ಸರಸ್ರಿ." ಸಾಬಮ್ಮ ಮತ್ತೆ ಕಂಡಳು, ನಾಲ್ಕೇ ಅಗುಳು ಚೆಲ್ಲಿದಳು. "ಇಷ್ಟ ಸಣ್ಣದಾಗಿ ಅಲ್ಲವ್ವಾ. ಇನ್ನೊಂದ್ಸಲ." ಇನ್ನೊಂದ್ಸಲ. ಇನ್ನೊಂದ್ಸಲ. ಒಂದನ್ನೂ ಬಿಡದೆ ಎಲ್ಲವನ್ನೂ ಇಟ್ಟಿದ್ದರು. ಜನ ಒಬ್ಬೊಬ್ಬರೇ ಕುಳಿತರು. "ಬೋಗಾಣ್ಯಾಗ ಏನೂ ಉಳಿದಿಲ್ರೀ ಸಾಹೇಬ್ರ." ಕ್ಯಾಮೆರಾ ಅಲ್ಲಾಡುತ್ತಾ ಹಿಂದಕ್ಕೆ ತಿರುಗಿತು. ಖಾಲಿ ಬೋಗಾಣಿ, ಸುತ್ತ ತಾಟು ಹಿಡಿದ ಮಕ್ಕಳು. ಅದರ ಮೇಲೆ ಅವರದೇ ದನಿ, ಆಮೇಲೆ ಸೇರಿಸಿದ್ದು: "ಚರಗ ಒಂದು ತುತ್ತಿನ ಪದ್ಧತಿ. ಈ ತಾಯಿ ಒಂದೇ ತುತ್ತು ಚೆಲ್ಲಿದ್ದಳು. ಉಳಿದದ್ದೆಲ್ಲ ಚೆಲ್ಲಿಸಿದವನು ನಾನು."

ಯಾರೂ ಚಪ್ಪಾಳೆ ತಟ್ಟಲಿಲ್ಲ. ದೀಪ ಹತ್ತಿದವು. ನಾನು ಸಾಬಮ್ಮನ ಕಡೆ ತಿರುಗಿದೆ. ಅವಳು ಸೆರಗಿನಿಂದ ಮೋರೆ ಒರೆಸಿಕೊಂಡು, ಪರದೆಯನ್ನೇ ನೋಡುತ್ತಾ ಹೇಳಿದಳು:

"ಅಂದ್ರು ನೋಡ್ರೀ ಅಕ್ಕಾರ, ಕಡೀಕರೆ ಅಂದ್ರು." ಎದ್ದು ನಿಂತಳು. "ನಮ್ಮೂರಾಗ ಅನ್ನಬೇಕಿತ್ತು."